ಆ ರಾತ್ರಿ ಕದ ಕಿರುಗುಟ್ಟಿತ್ತಂತೆ

ಈ ವಾರದ ಕಂತನ್ನು ಒಂದು ತಪ್ಪೊಪ್ಪಿಗೆಯಿಂದಲೇ ಶುರು ಮಾಡ್ತೀನಿ.

ಎರಡು ಕಂತುಗಳ ಹಿಂದೆ 1565ರ ಜನವರಿಯ ಯುದ್ಧದ ಕಥೆ ಹೇಳಿದ್ದೆ. ಶಾಲೆಯಲ್ಲಿ ನಾವು ತಾಳಿಕೋಟೆ ಅಂತ ಓದಿದ್ದು, ರಕ್ಕಸಗಿ-ತಂಗಡಗಿ ಅಂತಲೂ ಕರೀತಾರೆ. ಅದರಲ್ಲಿ ಒಂದು ಕಡೆ, ಅವತ್ತು ಬೆಳಗ್ಗೆ ಕೃಷ್ಣಾ ತೀರದಲ್ಲಿ ದಟ್ಟವಾದ ಮಂಜು, ಹತ್ತು ಹೆಜ್ಜೆ ಮುಂದೆ ನಿಂತ ಕುದುರೆ ಕಾಣ್ತಾ ಇರಲಿಲ್ಲ ಅಂದಿದ್ದೆ. ಕೇಳಿದ ಬಹಳ ಜನಕ್ಕೆ ಆ ಮಂಜೇ ಇಷ್ಟ ಆಯ್ತು. ಒಬ್ಬ ನಿವೃತ್ತ ಮೇಷ್ಟ್ರು ಮಾತ್ರ ಒಂದೇ ಸಾಲಿನ ಮೇಲ್ ಕಳಿಸಿದರು: "ತಮ್ಮಾ, ಮಂಜು ಇತ್ತು ಅಂತ ನಿನಗೆ ಯಾರು ಹೇಳಿದರು?"

ಯಾರೂ ಹೇಳಿರಲಿಲ್ಲ. ನಾನೇ ಹಾಕಿದ್ದು. ಜನವರಿ ತಿಂಗಳು, ನದಿ ದಂಡೆ, ಮಂಜು ಇದ್ದೇ ಇರುತ್ತೆ ಅಂದುಕೊಂಡೆ. ಅದೊಂದು ಸಾಲು ಇಲ್ಲದಿದ್ದರೆ ಇಡೀ ದೃಶ್ಯ ಚಪ್ಪೆ ಅನಿಸ್ತಿತ್ತು. ಮೇಷ್ಟ್ರಿಗೆ ಏನು ಉತ್ತರ ಬರೆಯೋದು ಅಂತ ಯೋಚಿಸ್ತಾ ಇದ್ದಾಗ, ಹಿಂದೆ ಓದಿದ್ದ ಒಂದು ಗ್ರೀಕ್ ಕೋರ್ಟ್ ಭಾಷಣ ನೆನಪಾಯ್ತು. ಅದರಲ್ಲಿ ಒಂದು ಕದ ಕಿರುಗುಟ್ಟುತ್ತೆ. ಆ ಸದ್ದನ್ನು ನಂಬಬೇಕೋ ಬೇಡವೋ ಅನ್ನೋದರ ಮೇಲೆ ಒಬ್ಬ ಮನುಷ್ಯನ ಪ್ರಾಣ ನಿಂತಿತ್ತು.

ಊರು ಅಥೆನ್ಸ್. ಕಾಲ ಕ್ರಿ.ಪೂ. 403ರಿಂದ 380ರ ನಡುವೆ ಎಲ್ಲೋ. ಆರೋಪಿ ಯೂಫಿಲೆಟಸ್ ಅನ್ನೋ ಒಬ್ಬ ಸಾಧಾರಣ ಗೃಹಸ್ಥ. ಎರಟೊಸ್ತನೀಸ್ ಅನ್ನುವವನನ್ನು ತನ್ನ ಮನೆಯೊಳಗೇ ಕೊಂದಿದ್ದಾನೆ. ಕೊಂದಿಲ್ಲ ಅಂತ ಅವನು ಹೇಳ್ತಾನೇ ಇಲ್ಲ. "ಕೊಂದೆ, ನನ್ನ ಹೆಂಡತಿಯ ಜೊತೆ ಕೈಗೆ ಸಿಕ್ಕಿಬಿದ್ದ, ಅದಕ್ಕೆ ಕಾನೂನು ಒಪ್ಪಿಗೆ ಕೊಟ್ಟಿದೆ" ಅನ್ನೋದು ಅವನ ವಾದದ ಸಾರ. ಸತ್ತವನ ಕಡೆಯವರು ಹೇಳೋದೇ ಬೇರೆ: ಇದು ಹೊಂಚು ಹಾಕಿ ಮಾಡಿದ ಕೊಲೆ, ದಾಸಿಯನ್ನು ಕಳಿಸಿ ಅವನನ್ನು ಕರೆಸಿಕೊಂಡು ಮುಗಿಸಿದ್ದಾನೆ, ಅಂತ. ಹೊಂಚು ಅಂತ ಸಾಬೀತಾದರೆ ಯೂಫಿಲೆಟಸ್‌ಗೆ ಮರಣದಂಡನೆ.

ಇಲ್ಲಿ ಅಥೆನ್ಸಿನ ಒಂದು ಪದ್ಧತಿ ಗೊತ್ತಿರಬೇಕು. ಅಲ್ಲಿ ನಿಮ್ಮ ಪರವಾಗಿ ನಿಂತು ವಾದಿಸೋ ಇವತ್ತಿನಂಥ ವಕೀಲ ಇರಲಿಲ್ಲ. ನಿಮ್ಮ ಕೇಸನ್ನು ನೀವೇ ನಿಂತು ಹೇಳಬೇಕು. ಆದರೆ ಏನು ಹೇಳಬೇಕು ಅನ್ನೋದನ್ನು ದುಡ್ಡು ಕೊಟ್ಟು ಬರೆಸಿಕೊಳ್ಳಬಹುದಿತ್ತು. ಹಾಗೆ ಬರೆದುಕೊಡುವವರಿಗೆ ಲೋಗೊಗ್ರಾಫೊಸ್ ಅಂತ ಹೆಸರು. ಬಾಯಿ ನಿಮ್ಮದು, ಮಾತು ಅವರದು. ಯೂಫಿಲೆಟಸ್‌ಗೆ ಬರೆದುಕೊಟ್ಟವನು ಲಿಸಿಯಾಸ್. ಈ ಕಸುಬಿನಲ್ಲಿ ಅವನಿಗೆ ಎಷ್ಟು ಹೆಸರಿತ್ತು ಅಂದರೆ, ಮುಂದಿನ ಕಾಲದಲ್ಲಿ ಅವನ ಹೆಸರಲ್ಲಿ 425 ಭಾಷಣ ಓಡಾಡ್ತಾ ಇದ್ವಂತೆ. ಅದರಲ್ಲಿ ಅರ್ಧದಷ್ಟು ಮಾತ್ರ ನಿಜವಾಗಿ ಅವನದು ಅಂತ ಆಗಿನ ವಿಮರ್ಶಕರೇ ಹೇಳಿದ್ದಾರೆ. ನಮಗೆ ಉಳಿದಿರೋದು ಮೂವತ್ತು ಚಿಲ್ಲರೆ.

ಈಗ ಅವನು ಬರೆದ ಕಥೆ ಕೇಳಿ. ನನ್ನ ಮಾತಲ್ಲಿ ಹೇಳ್ತೀನಿ.

ಮದುವೆ ಆದ ಹೊಸದರಲ್ಲಿ ಹೆಂಡತಿಯ ಮೇಲೆ ಒಂದು ಕಣ್ಣಿಟ್ಟಿದ್ದೆ, ಮಗು ಹುಟ್ಟಿದ ಮೇಲೆ ಮನೆಯನ್ನೆಲ್ಲ ಅವಳ ಕೈಗೇ ಬಿಟ್ಟೆ ಅಂತ ಯೂಫಿಲೆಟಸ್ ಶುರು ಮಾಡ್ತಾನೆ. ಮನೆ ಎರಡಂತಸ್ತಿನದು. ಹೆಂಗಸರು ಮೇಲೆ, ಗಂಡಸರು ಕೆಳಗೆ. ಮಗುವಿಗೆ ಸ್ನಾನ ಮಾಡಿಸೋಕೆ ಬಾಣಂತಿ ಪ್ರತಿ ಸಲ ಮೆಟ್ಟಿಲಿಳಿದು ಬರಬೇಕು, ಎಲ್ಲಾದರೂ ಕಾಲು ಜಾರಿದರೆ ಅಂತ ಹೆದರಿ, ಅವನೇ ಮೇಲಕ್ಕೆ ಹೋದ, ಹೆಂಗಸರನ್ನು ಕೆಳಗೆ ಬಿಟ್ಟ. ರಾತ್ರಿ ಮಗುವಿಗೆ ಹಾಲು ಕೊಡೋಕೆ ಅವಳು ಎದ್ದು ಕೆಳಗೆ ಹೋಗಿ ಮಲಗೋದು ರೂಢಿಯಾಯ್ತು. ಇಷ್ಟು ಸಹಜವಾದ ಏರ್ಪಾಡು, ಅಲ್ವಾ? ನಮ್ಮ ಮನೆಗಳಲ್ಲೂ ನಡೆಯೋದೇ.

ಒಂದು ದಿನ ಅವನು ಹೊಲದಿಂದ ಹೇಳದೆ ಕೇಳದೆ ಮನೆಗೆ ಬಂದ. ಊಟ ಆಯ್ತು. ಕೆಳಗೆ ಮಗು ಅಳೋಕೆ ಶುರು ಮಾಡ್ತು. ಹೋಗಿ ಹಾಲು ಕೊಡು ಅಂದ. ಅವಳು ಮೊದಲು ಒಲ್ಲೆ ಅಂದಳು. ಎಷ್ಟೋ ದಿನದ ಮೇಲೆ ಗಂಡ ಬಂದಿದ್ದಾನೆ, ಬಿಟ್ಟು ಹೋಗೋಕೆ ಮನಸ್ಸಿಲ್ಲ ಅನ್ನೋ ಹಾಗೆ. ಇವನು ಗದರಿದ. ಆಗ ಅವಳು, ನಾನು ಆಕಡೆ ಹೋದರೆ ನೀವು ಈ ದಾಸಿ ಹುಡುಗಿಯ ಮೈಮೇಲೆ ಬೀಳೋಕೆ ಅಲ್ವಾ, ಮುಂಚೆಯೂ ಕುಡಿದು ಹಾಗೆ ಮಾಡಿದ್ದೀರಿ ಅಂತ ಚುಚ್ಚಿದಳು. ಇವನು ನಕ್ಕ. ಅವಳು ಎದ್ದು ಹೋಗ್ತಾ ತಮಾಷೆ ಅನ್ನೋ ಹಾಗೆ ಕದ ಎಳೆದುಕೊಂಡು ಹೊರಗಿನಿಂದ ಬೀಗ ಹಾಕಿದಳು. ಇವನು ಹೊಲದ ಕೆಲಸದಿಂದ ದಣಿದು ಬಂದಿದ್ದ, ಸುಖವಾಗಿ ನಿದ್ದೆ ಹೋದ. ಬೆಳಗಿನ ಜಾವ ಅವಳು ಬಂದು ಕದ ತೆಗೆದಳು. ರಾತ್ರಿ ಯಾಕೆ ಕದದ ಸದ್ದಾಯ್ತು ಅಂತ ಕೇಳಿದ. ಮಗುವಿನ ಹತ್ತಿರದ ದೀಪ ಆರಿಹೋಗಿತ್ತು, ಪಕ್ಕದ ಮನೆಯಿಂದ ಹಚ್ಚಿಸಿಕೊಂಡು ಬಂದೆ ಅಂದಳು. ಇವನು ಸುಮ್ಮನಾದ. ಆದರೆ ಒಂದು ಗಮನಿಸಿದ. ಅವಳ ಮುಖದಲ್ಲಿ ಬಿಳಿ ಪುಡಿಯ ಅಲಂಕಾರ ಇತ್ತು. ಅವಳ ಒಡಹುಟ್ಟಿದವನು ಸತ್ತು ಇನ್ನೂ ಮೂವತ್ತು ದಿನ ಆಗಿರಲಿಲ್ಲ. ಆಗಲೂ ಏನೂ ಅನ್ನದೆ ಹೊರಟುಹೋದ.

ಮುಂದಿನದು ಬೇಗ ಹೇಳಿಬಿಡ್ತೀನಿ. ಎರಟೊಸ್ತನೀಸ್ ಕೈಬಿಟ್ಟ ಇನ್ನೊಬ್ಬ ಹೆಂಗಸು ಒಬ್ಬ ಮುದುಕಿಯ ಮೂಲಕ ಇವನಿಗೆ ಸುದ್ದಿ ಮುಟ್ಟಿಸ್ತಾಳೆ. ಇವನು ದಾಸಿ ಹುಡುಗಿಯನ್ನು ಗೆಳೆಯನ ಮನೆಗೆ ಕರೆದುಕೊಂಡು ಹೋಗಿ, ಚಾವಟಿಯಲ್ಲಿ ಹೊಡೆದು ಗಿರಣಿಗೆ ನೂಕ್ತೀನಿ ಅಂತ ಹೆದರಿಸಿ ಬಾಯಿ ಬಿಡಿಸ್ತಾನೆ, ಕಣ್ಣಾರೆ ತೋರಿಸಬೇಕು ಅಂತ ಮಾತು ತಗೋತಾನೆ. ನಾಲ್ಕೈದು ದಿನ ಕಳೆಯುತ್ತೆ. ಒಂದು ಸಂಜೆ ಸೋಸ್ಟ್ರಟಸ್ ಅನ್ನೋ ಗೆಳೆಯ ಸಿಕ್ತಾನೆ, ಮನೆಗೆ ಕರೆತಂದು ಮಹಡಿಯ ಮೇಲೆ ಊಟ ಹಾಕಿ ಕಳಿಸ್ತಾನೆ, ಮಲಗ್ತಾನೆ. ಹುಡುಗಿ ಬಂದು ಎಬ್ಬಿಸ್ತಾಳೆ: ಒಳಗಿದ್ದಾನೆ. ಇವನು ಸದ್ದಿಲ್ಲದೆ ಹೊರಗೆ ಹೋಗಿ, ಮನೆಯಲ್ಲಿ ಸಿಕ್ಕ ಗೆಳೆಯರನ್ನು ಸೇರಿಸಿ, ಹತ್ತಿರದ ಅಂಗಡಿಯಲ್ಲಿ ಪಂಜು ತಗೊಂಡು ನುಗ್ತಾನೆ. ಎರಟೊಸ್ತನೀಸ್ ತಪ್ಪೊಪ್ಪಿಕೊಂಡು ಕೈಮುಗಿದು, ದುಡ್ಡು ಕೊಡ್ತೀನಿ ಬಿಟ್ಟುಬಿಡು ಅಂತಾನೆ. ಇವನು, ಕೊಲ್ತಾ ಇರೋದು ನಾನಲ್ಲ, ಊರಿನ ಕಾನೂನು ಅಂತ ಹೇಳಿ ಮುಗಿಸ್ತಾನೆ.

ಮೊದಲ ಸಲ ಓದಿದಾಗ ನಾನು ಪೂರ್ತಿ ಯೂಫಿಲೆಟಸ್ ಕಡೆ ಇದ್ದೆ. ಪಾಪ, ಏನೂ ಅರಿಯದ ಮನುಷ್ಯ ಅನಿಸ್ತು. ಬೀಗ ಹಾಕಿದರೂ ನಗ್ತಾನೆ, ಮುಖದ ಪುಡಿ ಕಂಡರೂ ಸುಮ್ಮನಿರ್ತಾನೆ, ಇಂಥವನು ಹೊಂಚು ಹಾಕ್ತಾನಾ? ಲಿಸಿಯಾಸ್‌ಗೆ ಬೇಕಾಗಿದ್ದೂ ಅದೇ. ಇವನು ಹೊಂಚು ಹಾಕೋ ಜಾತಿಯವನಲ್ಲ ಅನ್ನೋ ವಾದವನ್ನು ಬಾಯಿಬಿಟ್ಟು ಹೇಳೋಕೆ ಮುಂಚೆಯೇ ಕೇಳುವವರು ತಾವಾಗಿ ಅದನ್ನು ನಂಬಿ ಆಗಿರುತ್ತೆ. ಗ್ರೀಕರು ಈ ವಿದ್ಯೆಗೆ ಎಥೊಪೊಯಿಯಾ ಅಂತಾರೆ, ಅಂದ್ರೆ ಮಾತಿನಲ್ಲೇ ಒಬ್ಬನ ಸ್ವಭಾವವನ್ನು ಕಟ್ಟಿಕೊಡೋದು. ಭಾಷೆಯೂ ಹಾಗೇ ಇದೆ. ಸಣ್ಣ ಸಣ್ಣ ವಾಕ್ಯ, ಒಂದಕ್ಕೊಂದು "ಮತ್ತೆ", "ಮತ್ತೆ" ಅಂತ ಪೋಣಿಸಿದ್ದು. ಅಲಂಕಾರ ಇಲ್ಲ, ದೊಡ್ಡ ಪದ ಇಲ್ಲ. ಓದು ಬರಹ ಕಡಿಮೆ ಇರೋ ಮನುಷ್ಯ ಕಟ್ಟೆ ಮೇಲೆ ಕೂತು ಹೇಳಿದ ಹಾಗೆ. ಹೀಗೆ ಬರೆಯೋದು ಎಷ್ಟು ಕಷ್ಟ ಅಂತ ಪಾಡ್‌ಕಾಸ್ಟ್ ಮಾಡೋಕೆ ಶುರು ಮಾಡಿದ ಮೇಲೆ ನನಗೆ ಗೊತ್ತಾಗಿದೆ. ನಾಲ್ಕು ಶತಮಾನದ ನಂತರ ರೋಮ್‌ನಲ್ಲಿದ್ದ ವಿಮರ್ಶಕ ಡಯೊನೀಸಿಯಸ್, ಲಿಸಿಯಾಸ್‌ನ ಕಥನ ಕೇಳುವವನಿಗೆ ಗೊತ್ತೇ ಆಗದ ಹಾಗೆ ನಂಬಿಕೆಯನ್ನು ಒಳಗೆ ಸಾಗಿಸುತ್ತೆ ಅನ್ನೋ ಅರ್ಥದಲ್ಲಿ ಹೊಗಳಿದ್ದಾನೆ. ಹೊಗಳಿಕೆ ಹೌದು, ಆದರೆ ಕಳ್ಳಸಾಗಣೆಯ ವರ್ಣನೆ ಥರಾನೂ ಇದೆ.

ಈಗ ಸ್ವಲ್ಪ ನನ್ನ ಕಥೆ. ಬಿ.ಕಾಂ. ಮುಗಿಸಿ ಹತ್ತು ತಿಂಗಳು ಒಬ್ಬ ಆಡಿಟರ್ ಹತ್ತಿರ ಕೆಲಸ ಮಾಡಿದೆ. ಒಂದು ಸಣ್ಣ ಸಂಸ್ಥೆಯ ಲೆಕ್ಕ ನೋಡೋಕೆ ನನ್ನನ್ನು ಕೂರಿಸಿದರು. ಟೀ 40 ರೂಪಾಯಿ, ಬಿಲ್ ಇದೆ. ಆಟೊ 85 ರೂಪಾಯಿ, ಚೀಟಿ ಇದೆ. ಜೆರಾಕ್ಸ್, ಪೊರಕೆ, ಗಣೇಶ ಹಬ್ಬದ ಹೂವು, ಎಲ್ಲಕ್ಕೂ ವೋಚರ್, ಎಲ್ಲಕ್ಕೂ ಸಹಿ. ಎಷ್ಟು ಚೊಕ್ಕ ಅಂತ ನಾನು ಖುಷಿಯಿಂದ ಟಿಕ್ ಹಾಕ್ತಾ ಹೋದೆ. ನಮ್ಮ ಸರ್ ಬಂದು ಫೈಲ್ ತಿರುವಿ, ಮಧ್ಯದಲ್ಲಿದ್ದ ಒಂದು ದೊಡ್ಡ ಮೊತ್ತದ ಮೇಲೆ ಬೆರಳಿಟ್ಟರು. ಅದಕ್ಕೆ ಬಿಲ್ ಇರಲಿಲ್ಲ, "ಮಾಲೀಕರ ಸೂಚನೆ ಮೇರೆಗೆ" ಅಂತ ಒಂದು ಸಾಲು ಮಾತ್ರ. "ಪೊರಕೆ ಬಿಲ್ ನೋಡ್ತಾ ಇದನ್ನ ದಾಟಿಬಿಟ್ಟೆಯಲ್ಲೋ" ಅಂದರು.

ಆ ಬೆರಳು ಇಟ್ಟುಕೊಂಡು ಲಿಸಿಯಾಸ್‌ನನ್ನು ಮತ್ತೆ ಓದಿದೆ. ದೀಪ, ಕದ, ಪುಡಿ, ಪಂಜು, ಎಲ್ಲಕ್ಕೂ ಚೀಟಿ ಇದೆ. ದೊಡ್ಡ ಪ್ರಶ್ನೆ, ಆ ರಾತ್ರಿ ಅವನು ತಾನಾಗಿ ಬಂದನೋ, ಕರೆಸಿದ್ದೋ? ಅದಕ್ಕೆ ಉತ್ತರ ಗೊತ್ತಿದ್ದದ್ದು ಇಬ್ಬರಿಗೆ. ಒಬ್ಬಳು ಹೆಂಡತಿ. ಭಾಷಣದ ಉದ್ದಕ್ಕೂ ಅವಳಿಗೆ ಹೆಸರೇ ಇಲ್ಲ, ಹೆಂಗಸರು ಕೋರ್ಟಿನಲ್ಲಿ ನಿಂತು ಸಾಕ್ಷಿ ಹೇಳುವ ಹಾಗೂ ಇರಲಿಲ್ಲ. ಇನ್ನೊಬ್ಬಳು ದಾಸಿ ಹುಡುಗಿ. ಗುಲಾಮರ ಮಾತನ್ನು ಅಥೆನ್ಸಿನ ಕೋರ್ಟು ಸಾಕ್ಷಿಯಾಗಿ ತಗೋತಿದ್ದದ್ದು ಚಿತ್ರಹಿಂಸೆ ಕೊಟ್ಟು ಹೇಳಿಸಿದ್ದಾದರೆ ಮಾತ್ರ. ಯೂಫಿಲೆಟಸ್ ಅವಳ ಸಾಕ್ಷಿಯನ್ನು ಮುಂದಿಡೋದೇ ಇಲ್ಲ. ಸೋಸ್ಟ್ರಟಸ್ ಜೊತೆಗಿನ ಊಟ ಇದೆಯಲ್ಲ, ಅದು ಸುಮ್ಮನೆ ಬಂದಿದ್ದಲ್ಲ. ಹೊಂಚು ಹಾಕಿದ್ದರೆ ಜೊತೆಯಲ್ಲಿದ್ದ ಗೆಳೆಯನನ್ನು ಊಟ ಮಾಡಿಸಿ ಯಾಕೆ ಕಳಿಸಿಬಿಡ್ತಿದ್ದೆ ಅಂತ ಮುಂದೆ ಅವನು ವಾದ ಹೂಡ್ತಾನೆ. ಕಾನೂನಿನ ಮಾತೂ ಅಷ್ಟೇ. ಅಂಥ ಸ್ಥಿತಿಯಲ್ಲಿ ಸಿಕ್ಕವನನ್ನು ಕೊಂದರೆ ಅದು ಅಪರಾಧ ಅಲ್ಲ ಅಂತ ಕಾನೂನು ಹೇಳಿತ್ತೇ ಹೊರತು, ಕೊಲ್ಲಲೇಬೇಕು ಅಂತ ಹೇಳಿರಲಿಲ್ಲ. ದುಡ್ಡು ತಗೊಂಡು ಬಿಟ್ಟುಕಳಿಸೋ ದಾರಿಯೂ ಇತ್ತು. ತೀರ್ಪು ಏನಾಯ್ತು ಅನ್ನೋ ದಾಖಲೆ ಉಳಿದಿಲ್ಲ, ಎದುರು ಪಕ್ಷದ ಭಾಷಣವೂ ಉಳಿದಿಲ್ಲ. ಉಳಿದದ್ದು ಚೆನ್ನಾಗಿ ಬರೆದದ್ದು ಮಾತ್ರ.

ಹಾಗಾದರೆ ಅವನು ಸುಳ್ಳು ಹೇಳಿದ ಅಂತ ನಾನು ಹೇಳ್ತಾ ಇದ್ದೀನಾ? ಇಲ್ಲ, ಅದಕ್ಕೂ ನನ್ನ ಹತ್ತಿರ ಚೀಟಿ ಇಲ್ಲ. ಆದರೆ ಇದೇ ವಿದ್ಯೆಯನ್ನು ಬಳಸಿದ, ನಾವು ಪರೀಕ್ಷೆ ಮಾಡಿ ನೋಡಬಹುದಾದ ಇನ್ನೊಂದು ಕೇಸ್ ಇದೆ. ಅದಕ್ಕೆ ಸುಮಾರು ಮುನ್ನೂರೈವತ್ತು ವರ್ಷ ಮುಂದೆ, ರೋಮ್‌ಗೆ ಬರಬೇಕು.

ಕ್ರಿ.ಪೂ. 52, ಜನವರಿ 18. ರೋಮ್ ಹೊರಗಿನ ಅಪ್ಪಿಯನ್ ಹೆದ್ದಾರಿ, ಬೊವಿಲ್ಲೆ ಅನ್ನೋ ಊರಿನ ಹತ್ತಿರ. ಪರಸ್ಪರ ಆಗದ ಇಬ್ಬರು ರಾಜಕಾರಣಿಗಳು, ಕ್ಲೋಡಿಯಸ್ ಮತ್ತು ಮಿಲೊ, ಇಬ್ಬರಿಗೂ ಬೀದಿ ಗೂಂಡಾಗಳ ಪಡೆ, ದಾರಿಯಲ್ಲಿ ಎದುರಾದರು. ಕ್ಲೋಡಿಯಸ್ ಸತ್ತ. ಅವನ ಬೆಂಬಲಿಗರು ಹೆಣವನ್ನು ಸೆನೆಟ್ ಸಭಾಭವನದೊಳಗೆ ಸುಟ್ಟರು, ಭವನವೂ ಸುಟ್ಟುಹೋಯ್ತು. ಏಪ್ರಿಲ್‌ನಲ್ಲಿ ವಿಚಾರಣೆ. ಸುತ್ತ ಪಾಂಪೆಯ ಸೈನಿಕರ ಕಾವಲು. ರೋಮ್‌ನಲ್ಲಿ ಪರರ ಪರವಾಗಿ ವಾದಿಸಬಹುದಿತ್ತು, ಮಿಲೊ ಪರ ನಿಂತವನು ಸಿಸೆರೊ. ಅವತ್ತು ಅವನು ತಡವರಿಸಿದನಂತೆ. ಆಮೇಲೆ ಮನೆಯಲ್ಲಿ ಕೂತು ತಿದ್ದಿ ತೀಡಿ ಬರೆದ ಭಾಷಣವೇ ಇವತ್ತು ನಾವು ಓದೋದು.

ಅದರಲ್ಲಿ ಮಿಲೊ ಹೊರಡೋ ದೃಶ್ಯ ಹೇಗಿದೆ ಗೊತ್ತಾ? ಸೆನೆಟ್ ಮುಗಿಯೋ ತನಕ ಇದ್ದ, ಮನೆಗೆ ಬಂದ, ಚಪ್ಪಲಿ ಬಟ್ಟೆ ಬದಲಾಯಿಸಿದ, ಹೆಂಡತಿ ಸಿದ್ಧ ಆಗೋ ತನಕ, ಎಲ್ಲರ ಮನೆಯಲ್ಲೂ ಆಗೋ ಹಾಗೆ, ಸ್ವಲ್ಪ ಹೊತ್ತು ಕಾದ. ಅಷ್ಟೇ! ಕೊಲೆ ಮಾಡೋಕೆ ಹೊರಟವನು ಹೆಂಡತಿಯ ಅಲಂಕಾರಕ್ಕೆ ಕಾಯ್ತಾನಾ? ಕ್ರಿ.ಶ. ಒಂದನೇ ಶತಮಾನದಲ್ಲಿ ವಾಗ್ಮಿತೆಯ ಪಾಠ ಹೇಳ್ತಿದ್ದ ಕ್ವಿಂಟಿಲಿಯನ್ ತನ್ನ ವಿದ್ಯಾರ್ಥಿಗಳಿಗೆ ಇದನ್ನೇ ಎತ್ತಿ ತೋರಿಸ್ತಾನೆ. ನೋಡಿ, ಎಷ್ಟು ದಿನನಿತ್ಯದ ಮಾತು, ಇದರೊಳಗೆ ಕೌಶಲ ಅಡಗಿದೆ ಅಂತ ಕೇಳುವವನಿಗೆ ಗೊತ್ತೇ ಆಗಲ್ಲ ಅಂತ. ಸಿಸೆರೊ ಮುಂದುವರಿದು ಚಿತ್ರ ಪೂರ್ತಿ ಮಾಡ್ತಾನೆ: ಕ್ಲೋಡಿಯಸ್ ಕುದುರೆ ಮೇಲೆ, ಹೆಂಡತಿಯಿಲ್ಲ, ಸಾಮಾನಿಲ್ಲ. ಮಿಲೊ ಗಾಡಿಯಲ್ಲಿ, ಮೇಲಂಗಿ ಹೊದ್ದುಕೊಂಡು, ಹೆಂಡತಿ, ದಾಸಿಯರು, ಹುಡುಗರ ಸಂತೆಯ ಜೊತೆ. ಹೊಂಚು ಯಾರದು ಅಂತ ನೀವೇ ಹೇಳಿ ಅನ್ನೋ ಧಾಟಿ.

ನಮ್ಮ ಪುಣ್ಯಕ್ಕೆ, ಸುಮಾರು ನೂರು ವರ್ಷದ ನಂತರ ಅಸ್ಕೋನಿಯಸ್ ಅನ್ನೋ ಒಬ್ಬ ವಿದ್ವಾಂಸ ತನ್ನ ಗಂಡುಮಕ್ಕಳಿಗೆ ಸಿಸೆರೊನ ಭಾಷಣಗಳು ಅರ್ಥವಾಗಲಿ ಅಂತ ಟಿಪ್ಪಣಿ ಬರೆದ. ಅದಕ್ಕಾಗಿ ಹಳೆಯ ಸರ್ಕಾರಿ ದಾಖಲೆಗಳನ್ನೂ ತೆಗೆದು ನೋಡಿದ. ನನ್ನ ಪ್ರಕಾರ ಪ್ರಾಚೀನ ಜಗತ್ತಿನ ಅತ್ಯುತ್ತಮ ಆಡಿಟರ್ ಇವನೇ. ಹೆಂಡತಿ ಗಾಡಿಯಲ್ಲಿದ್ದದ್ದು ನಿಜ ಅಂತಾನೆ. ಆದರೆ ಆ ಪರಿವಾರದಲ್ಲಿ ಗ್ಲಾಡಿಯೇಟರ್‌ಗಳೂ ಇದ್ದರು. ಯುಡಾಮಸ್, ಬಿರ್ರಿಯಾ ಅಂತ ಹೆಸರು ಸಮೇತ ಕೊಡ್ತಾನೆ. ಘಟನೆ ನಡೆದದ್ದು ಹಗಲಿನ ಒಂಬತ್ತನೆಯ ತಾಸಿಗೆ, ಅಂದ್ರೆ ನಮ್ಮ ಲೆಕ್ಕದಲ್ಲಿ ಮಧ್ಯಾಹ್ನ. ಸಿಸೆರೊ ಹನ್ನೊಂದನೆಯ ತಾಸು ಅಂದಿದ್ದ, ಸಂಜೆಗೆ ಹತ್ತಿರ. ಬಿರ್ರಿಯಾ ಕ್ಲೋಡಿಯಸ್‌ನ ಭುಜಕ್ಕೆ ತಿವಿದ. ಗಾಯಗೊಂಡವನನ್ನು ಹತ್ತಿರದ ಛತ್ರಕ್ಕೆ ಹೊತ್ತೊಯ್ದರು. ಗಾಯಗೊಂಡು ಬದುಕಿದರೆ ಇವನು ಇನ್ನೂ ಅಪಾಯ ಅಂತ ಲೆಕ್ಕ ಹಾಕಿದ ಮಿಲೊ, ಛತ್ರದಿಂದ ಎಳೆದು ಮುಗಿಸಿ ಅಂತ ಅಪ್ಪಣೆ ಕೊಟ್ಟ.

ಸಿಸೆರೊನ ಭಾಷಣದಲ್ಲಿ ಈ ಛತ್ರವೇ ಇಲ್ಲ. ಯಜಮಾನ ಹೇಳದೆ, ಯಜಮಾನನಿಗೆ ತಿಳಿಯದೆ, ಗುಲಾಮರು ತಾವಾಗಿಯೇ ಮಾಡಿದರು ಅಂತ ಒಂದು ವಾಕ್ಯದಲ್ಲಿ ದಾಟಿಬಿಡ್ತಾನೆ. ಮಾಲೀಕರ ಸೂಚನೆ ಇಲ್ಲದೆಯೇ! ಚಪ್ಪಲಿ ಬದಲಾಯಿಸಿದ್ದಕ್ಕೆ ಚೀಟಿ ಇದೆ, ಕೊಲೆಯ ಅಪ್ಪಣೆಗೆ ಇಲ್ಲ. ಹೆಂಡತಿಗೆ ಕಾದದ್ದು ಸುಳ್ಳಲ್ಲದಿರಬಹುದು, ಕೆಲಸ ಮಾಡಿದ್ದು ಅದೇ.

ತೀರ್ಪು? 51 ಜನ ಮತ ಹಾಕಿದರು, 38 ಜನ ಅಪರಾಧಿ ಅಂದರು, 13 ಜನ ಅಲ್ಲ ಅಂದರು. ಮಿಲೊ ದೇಶ ಬಿಟ್ಟು ಈಗಿನ ಫ್ರಾನ್ಸಿನ ಮಾರ್ಸೆಗೆ ಹೋದ. ತಿದ್ದಿದ ಭಾಷಣವನ್ನು ಸಿಸೆರೊ ಅಲ್ಲಿಗೆ ಕಳಿಸಿದಾಗ, ಇದನ್ನೇ ಅವತ್ತು ಹೇಳಿದ್ದರೆ ನಾನು ಇಲ್ಲಿ ಇಷ್ಟು ರುಚಿಯಾದ ಮೀನು ತಿಂತಾ ಇರ್ತಿರಲಿಲ್ಲ ಅಂತ ಮಿಲೊ ಉತ್ತರ ಕೊಟ್ಟನಂತೆ. ಅವನು ಹೊಗಳಿದನೋ ಚುಚ್ಚಿದನೋ, ನೀವೇ ಹೇಳಿ.

ಇಷ್ಟಾದ ಮೇಲೆ ಸಣ್ಣ ವಿವರ ಕಂಡಾಗಲೆಲ್ಲ ಅನುಮಾನ ಪಡಬೇಕು ಅಂತ ತೀರ್ಮಾನಕ್ಕೆ ಬಂದಿದ್ದೆ. ಆಮೇಲೆ ಲಿಸಿಯಾಸ್‌ನದೇ ಇನ್ನೊಂದು ಭಾಷಣ ಓದಿದೆ. ಇದು ಬಾಡಿಗೆಗೆ ಬರೆದದ್ದಲ್ಲ. ತನ್ನ ಅಣ್ಣನ ಸಾವಿನ ಬಗ್ಗೆ ಅವನೇ ಆಡಿದ್ದು.

ಲಿಸಿಯಾಸ್ ಅಥೆನ್ಸಿನ ಪ್ರಜೆ ಅಲ್ಲ, ಸಿರಾಕ್ಯೂಸ್‌ನಿಂದ ಬಂದು ನೆಲೆಸಿದ ಕೆಫಲಸ್‌ನ ಮಗ. ಪ್ಲೇಟೊನ ‘ರಿಪಬ್ಲಿಕ್’ ಸಂವಾದ ನಡೆಯೋದು ಅವನ ಅಣ್ಣ ಪೊಲೆಮಾರ್ಕಸ್‌ನ ಮನೆಯಲ್ಲೇ. ಇವರದು ಗುರಾಣಿ ತಯಾರಿಸೋ ಕಾರ್ಖಾನೆ. ಕ್ರಿ.ಪೂ. 404ರಲ್ಲಿ ಅಧಿಕಾರ ಹಿಡಿದ ಮೂವತ್ತು ಜನರ ಗುಂಪಿಗೆ ದುಡ್ಡು ಬೇಕಿತ್ತು, ದುಡ್ಡಿದ್ದ ವಲಸಿಗರನ್ನು ಹಿಡಿದರು. ಲಿಸಿಯಾಸ್ ತನ್ನನ್ನು ಹಿಡಿದವನಿಗೆ ಒಂದು ಟ್ಯಾಲೆಂಟ್, ಅಂದ್ರೆ ಸುಮಾರು 26 ಕಿಲೊ ಬೆಳ್ಳಿ, ಲಂಚ ಮಾತಾಡ್ತಾನೆ. ಪೆಟ್ಟಿಗೆ ತೆರೆದಾಗ ಅದರಲ್ಲಿದ್ದದ್ದು ಮೂರು ಟ್ಯಾಲೆಂಟ್ ಬೆಳ್ಳಿ, ಸಿಜಿಕಸ್‌ನ 400 ನಾಣ್ಯ, ಪರ್ಷಿಯಾದ 100 ಚಿನ್ನದ ನಾಣ್ಯ, ನಾಲ್ಕು ಬೆಳ್ಳಿ ಬಟ್ಟಲು. ಅವನು ಎಲ್ಲವನ್ನೂ ಬಾಚಿಕೊಂಡ. ಲಿಸಿಯಾಸ್ ಇನ್ನೊಬ್ಬರ ಮನೆಯ ಹಿಂದಿನಿಂದ ಓಡ್ತಾನೆ. ದಾಟಬೇಕಾದ ಬಾಗಿಲು ಮೂರು, ಮೂರೂ ತೆರೆದೇ ಇದ್ದವಂತೆ. ನೋಡಿ, ಮತ್ತೆ ಬಾಗಿಲು!

ಅಣ್ಣ ಸಿಕ್ಕಿಬಿದ್ದ, ವಿಷ ಕುಡಿಸಿದರು. ಅವರಿಗೆ ಮೂರು ಮನೆ ಇದ್ದರೂ ಒಂದರಿಂದಲೂ ಹೆಣ ಎತ್ತೋಕೆ ಬಿಡಲಿಲ್ಲ. ಒಂದು ಕೊಟ್ಟಿಗೆ ಬಾಡಿಗೆಗೆ ತಗೊಂಡರು. ಒಬ್ಬ ಗೆಳೆಯ ಹೊದಿಕೆ ಕೊಟ್ಟ, ಇನ್ನೊಬ್ಬ ದಿಂಬು ಕೊಟ್ಟ. ಗುಂಪಿನ ಒಬ್ಬ ಅತ್ತಿಗೆಯ ಕಿವಿಯಿಂದ ಚಿನ್ನದ ಓಲೆ ಕಿತ್ತುಕೊಂಡ.

ಅದೇ ಕೈ, ಅದೇ ವಿದ್ಯೆ. ಅನುಮಾನ ಪಡೋಣ ಅಂತಲೇ ಪೆನ್ ಹಿಡಿದು ಕೂತೆ. ಆದರೆ ಇಲ್ಲಿ ಒಂದು ವ್ಯತ್ಯಾಸ ಇದೆ. ಅಣ್ಣನನ್ನು ಬೀದಿಯಲ್ಲಿ ಹಿಡಿದು ಸೆರೆಮನೆಗೆ ಒಯ್ದವನು ಎದುರಿಗೇ ಇದ್ದ. ಅವನ ಹೆಸರೂ ಎರಟೊಸ್ತನೀಸ್, ಆದರೆ ಇದು ಬೇರೆ ಮೊಕದ್ದಮೆ. ಲಿಸಿಯಾಸ್ ಕಥೆಯನ್ನು ನಿಲ್ಲಿಸಿ ಅವನನ್ನು ನೇರವಾಗಿ ಪ್ರಶ್ನೆ ಮಾಡ್ತಾನೆ: ನೀನು ಹಿಡಿದೆಯಾ ಇಲ್ಲವಾ? ಅವನು ಹೌದು ಅಂತಾನೆ, ಅಧಿಕಾರದಲ್ಲಿದ್ದವರಿಗೆ ಹೆದರಿ ಮಾಡಿದೆ ಅಂತಾನೆ. ದೊಡ್ಡ ಮೊತ್ತದ ಕೆಳಗೆ ಎದುರು ಪಕ್ಷದ್ದೇ ಸಹಿ. ಆ ಓಲೆಯನ್ನು ನಾನು ನಂಬ್ತೀನಿ.

ಮೇಷ್ಟ್ರಿಗೆ ಉತ್ತರ ಬರೆದೆ. ಕ್ಷಮಿಸಿ ಸರ್, ಯಾರೂ ಹೇಳಿರಲಿಲ್ಲ ಅಂತ. 1565ರ ಕಂತಿನಿಂದ ಮಂಜಿನ ಭಾಗವನ್ನು ತೆಗೆದು ಮತ್ತೆ ಅಪ್‌ಲೋಡ್ ಮಾಡಿದ್ದೀನಿ. ಒಟ್ಟು ಹನ್ನೊಂದು ಸೆಕೆಂಡ್ ಕಡಿಮೆ ಆಗಿದೆ. ಕುದುರೆಗಳು ಈಗ ಬರೀ ಬಯಲಿನಲ್ಲಿ ನಿಂತಿವೆ.